ಮಾರಾಟಕ್ಕಲ್ಲ

ಸೋಮವಾರ, ಅಂಗಡಿಯಿಂದ

ವಕೀಲ ಮಹಾಶಯರಿಗೆ,

ನಮಸ್ಕಾರ. ಇತ್ತ ನಾವೆಲ್ಲರೂ ಕ್ಷೇಮ ಎಂದು ಶುರುಮಾಡುವುದು ವಾಡಿಕೆ. ಇತ್ತ ಇರುವವಳು ನಾನೊಬ್ಬಳೇ, ಅದೂ ಕ್ಷೇಮವಾಗಿಲ್ಲ. ಆದ್ದರಿಂದ ನೇರವಾಗಿ ವಿಷಯಕ್ಕೆ ಬರುತ್ತೇನೆ.

ನನ್ನ ಔಷಧಿ ಅಂಗಡಿಗೆ ನೋಟಿಸ್ ಬಂದಿದೆ. ಲೈಸೆನ್ಸನ್ನು ಯಾಕೆ ಅಮಾನತು ಮಾಡಬಾರದು ಎಂದು ಕಾರಣ ಕೇಳಿದ್ದಾರೆ. ನಕಲನ್ನು ಈ ಕಾಗದದ ಜೊತೆ ಇಟ್ಟಿದ್ದೇನೆ. ಇಷ್ಟಕ್ಕೆ ಫೋನ್ ಮಾಡಬಹುದಿತ್ತಲ್ಲ ಎನ್ನುತ್ತೀರಿ. ಫೋನಿನಲ್ಲಿ ಮೂರನೇ ಮಾತಿಗೆ ನಿಮ್ಮ ದನಿ ಏರುತ್ತದೆ, ನಾಲ್ಕನೆಯದಕ್ಕೆ ನನ್ನದು. ಕಾಗದದಲ್ಲಾದರೆ ನೀವು ನಡುವೆ ಬಾಯಿ ಹಾಕುವ ಹಾಗಿಲ್ಲ. ಊರಿನಲ್ಲಿ ಬೇರೆ ವಕೀಲರಿಲ್ಲವೇ ಎಂದೂ ಕೇಳಬೇಡಿ. ಇದ್ದಾರೆ. ಆದರೆ ಮದುವೆಯಾದಾಗಿನಿಂದ ಬೇರೆಯಾಗುವ ತನಕ ನಿಮ್ಮ ಜೊತೆ ವಾದ ಮಾಡಿ ಒಂದು ಸಲವೂ ಗೆಲ್ಲದವಳು ನಾನು. ನಿಮ್ಮ ಕೈಗುಣ ನನಗಿಂತ ಚೆನ್ನಾಗಿ ಯಾರಿಗೆ ಗೊತ್ತು?

ನಡೆದದ್ದು ಇಷ್ಟು. ಔಷಧ ಇಲಾಖೆಯ ಇನ್ಸ್‌ಪೆಕ್ಟರ್ ಮಧ್ಯಾಹ್ನದ ಹೊತ್ತು ತಪಾಸಣೆಗೆ ಬಂದರು. ಒಳ್ಳೆಯ ಮನುಷ್ಯ, ತೊಂದರೆಯೇ ಅದು. ಕೆಟ್ಟವರಾಗಿದ್ದರೆ ಬೈದುಕೊಂಡು ಮನಸ್ಸು ಹಗುರ ಮಾಡಿಕೊಳ್ಳುತ್ತಿದ್ದೆ. ಫ್ರಿಜ್ಜಿನ ಉಷ್ಣಾಂಶ ನೋಡಿದರು, ಬಿಲ್ಲುಗಳನ್ನು ತಿರುವಿದರು, ನಿದ್ರೆ ಮಾತ್ರೆಯ ಬೀಗದ ಕಪಾಟು ತೆಗೆಸಿದರು. ಎಲ್ಲ ಅಚ್ಚುಕಟ್ಟಾಗಿದೆ ಎಂದು ಹೇಳಿ ಪೆನ್ನನ್ನು ಜೇಬಿಗೆ ಸಿಕ್ಕಿಸಿಕೊಳ್ಳುವಾಗ ಅದು ಜಾರಿ ಕೆಳಗೆ ಬಿತ್ತು. ಎತ್ತಿಕೊಳ್ಳಲು ಬಗ್ಗಿದವರಿಗೆ ಕೌಂಟರಿನ ಕೆಳಗಿನ ಡ್ರಾಯರ್ ಕಂಡಿತು. ನನ್ನ ಗ್ರಹಚಾರ ಪೆನ್ನಿನ ರೂಪದಲ್ಲಿ ಬಂದಿತ್ತು.

ಆ ಡ್ರಾಯರಿನ ತುಂಬ ಮಾತ್ರೆಗಳಿದ್ದವು. ಕತ್ತರಿಸಿ ಉಳಿದ ಪಟ್ಟಿಗಳು, ಅರ್ಧ ಕುಡಿದ ಸಿರಪ್ಪುಗಳು, ಕಣ್ಣಿಗೆ ಬಿಡುವ ಹನಿ, ಉಬ್ಬಸದವರು ಎಳೆದುಕೊಳ್ಳುವ ಪಂಪು. ಮುಕ್ಕಾಲುಪಾಲು ಅವಧಿ ಮುಗಿದವು. ಅವಧಿ ಮುಗಿದ ಔಷಧಿಯನ್ನು ಬೇರೆ ಪೆಟ್ಟಿಗೆಯಲ್ಲಿಟ್ಟು, ಮೇಲೆ ಚೀಟಿ ಅಂಟಿಸಿ, ಮಾರುವ ಕೈಗೆ ಸಿಗದಂತೆ ಇಡಬೇಕು ಎಂಬುದು ನಿಯಮ. ನನಗೆ ಗೊತ್ತಿಲ್ಲದ ನಿಯಮವೇನಲ್ಲ. ನನ್ನ ಅಂಗಡಿಯ ಸ್ವಂತ ಸರಕನ್ನು ನಾನು ಹಾಗೆಯೇ ಇಟ್ಟಿದ್ದೇನೆ. ಈ ಡ್ರಾಯರಿನದು ನನ್ನ ಸರಕಲ್ಲ.

ಸಾವಾದ ಮನೆಯಲ್ಲಿ ಬಟ್ಟೆಗಳನ್ನು ಯಾರಿಗಾದರೂ ಕೊಡುತ್ತಾರೆ. ಕನ್ನಡಕವನ್ನು ಎತ್ತಿಡುತ್ತಾರೆ. ಉಳಿದ ಮಾತ್ರೆಗಳನ್ನು ಏನು ಮಾಡಬೇಕು ಎಂದು ಮಾತ್ರ ಯಾರಿಗೂ ತಿಳಿಯುವುದಿಲ್ಲ. ಕಸದ ಬುಟ್ಟಿಗೆ ಹಾಕಲು ಕೈ ಬರುವುದಿಲ್ಲ, ಮನೆಯಲ್ಲಿಟ್ಟರೆ ಕಣ್ಣಿಗೆ ಚುಚ್ಚುತ್ತದೆ. ಹಾಗಾಗಿ ತಂದದ್ದನ್ನು ತಂದ ಕಡೆಗೇ ತಿರುಗಿ ತರುತ್ತಾರೆ. ಎದುರು ಸಾಲಿನ ಟೈಲರ್ ತಮ್ಮ ಹೆಂಡತಿಯ ಎದೆನೋವಿನ ಮಾತ್ರೆಗಳನ್ನು ತಾವೇ ಹೊಲಿದ ಚೀಲದಲ್ಲಿ ತಂದರು. ಇದು ಇನ್ನು ಯಾರಿಗಾದರೂ ಉಪಯೋಗಕ್ಕೆ ಬರುತ್ತದೆಯೇ ಎಂದು ಕೇಳಿದರು. ಬರುವುದಿಲ್ಲ, ಒಬ್ಬರ ಮನೆಯಿಂದ ಬಂದದ್ದನ್ನು ಇನ್ನೊಬ್ಬರಿಗೆ ಕೊಡುವಂತಿಲ್ಲ, ಸುಟ್ಟುಹಾಕಲು ಕಳಿಸಬೇಕು ಎಂದು ಅವರ ಮುಖ ನೋಡಿಕೊಂಡು ಹೇಳುವ ಎದೆಗಾರಿಕೆ ನನಗಿಲ್ಲ. ಅವರಿಗೂ ಎಲ್ಲರಿಗೆ ಹೇಳುವ ಮಾತನ್ನೇ ಹೇಳಿದೆ: "ಇಟ್ಟು ಹೋಗಿ, ನಾನು ನೋಡ್ಕೋತೀನಿ."

ನೋಡಿಕೊಂಡದ್ದು ಏನು? ಡ್ರಾಯರಿಗೆ ಹಾಕಿದೆ. ಚೀಟಿ ಅಂಟಿಸಲಿಲ್ಲ. ಯಾಕೆಂದರೆ ಕೌಂಟರಿನ ಆಚೆ ನಿಂತವರಿಗೂ ಆ ಡ್ರಾಯರ್ ಓರೆಯಾಗಿ ಕಾಣುತ್ತದೆ. "ಅವಧಿ ಮುಗಿದದ್ದು, ನಾಶಕ್ಕೆ" ಎಂದು ದಪ್ಪ ಅಕ್ಷರದಲ್ಲಿ ಬರೆದ ಜಾಗಕ್ಕೆ ಹೆಂಡತಿಯ ಮಾತ್ರೆ ಹಾಕಿ ಹೋಗಿ ಎಂದು ಟೈಲರ್‌ಗೆ ಹೇಗೆ ಹೇಳಲಿ? ನಾಳೆ ಬೇರೆ ಮಾಡೋಣ, ಮುಂದಿನ ವಾರ ಕಳಿಸೋಣ ಎಂದುಕೊಳ್ಳುತ್ತ ದಿನ ದೂಡಿದೆ. ಬುದ್ಧಿ ಇದ್ದವರು ಮಾಡುವ ಕೆಲಸವಲ್ಲ, ಒಪ್ಪುತ್ತೇನೆ. ನೀವು ಇದನ್ನು ಹೇಳುವ ಮೊದಲೇ ನಾನು ಹೇಳಿಬಿಟ್ಟೆ ಎಂಬುದನ್ನು ಗಮನಿಸಿ.

ಈ ಅಂಗಡಿ ನನಗೆ ಏನು ಎಂದು ನಿಮಗೆ ಬಿಡಿಸಿ ಹೇಳಬೇಕಾಗಿಲ್ಲ. ಇದನ್ನು ಬಿಟ್ಟು ಬರಲಾರೆ ಎಂದದ್ದಕ್ಕೇ ತಾನೇ ನೀವು ಆ ಊರಿನಲ್ಲಿ, ನಾನು ಈ ಊರಿನಲ್ಲಿ. ಏನು ಮಾಡಬೇಕು, ಬರೆಯಿರಿ.

ಇಂತಿ,
ನಿಮ್ಮ ಕಕ್ಷಿದಾರಳು

ತಾ. ಕ.: ನೀವು ಕಳಿಸಿದ ಇನ್ನೊಂದು ಕಾಗದ, ಅದೇ ಇಬ್ಬರೂ ಒಪ್ಪಿ ಬೇರೆಯಾಗುವ ಅರ್ಜಿ, ನನ್ನ ಸಹಿಗಾಗಿ ಕಾಯುತ್ತಿದೆ. ಒಂದು ಹೊತ್ತಿಗೆ ಒಂದೇ ರಗಳೆ. ಮೊದಲು ಇದು ಮುಗಿಯಲಿ.


ಗುರುವಾರ, ಕಚೇರಿಯಿಂದ

ಗುಳಿಗೆಗೆ,

(ಕಕ್ಷಿದಾರರನ್ನು ಹೀಗೆ ಕರೆಯಬಾರದು. ಹಳೆಯ ಅಭ್ಯಾಸ, ಕೈ ತಾನಾಗಿ ಬರೆಯಿತು. ಹೊಡೆದುಹಾಕಿದರೆ ಕಾಗದ ಹೊಲಸಾಗುತ್ತದೆ ಎಂದು ಬಿಟ್ಟಿದ್ದೇನೆ.)

ಮೊದಲನೆಯದಾಗಿ, ಹೆದರಬೇಡ. ನೋಟಿಸ್ ಎಂದರೆ ಶಿಕ್ಷೆಯಲ್ಲ, ಪ್ರಶ್ನೆ. ಪ್ರಶ್ನೆಗೆ ಉತ್ತರ ಕೊಡುವ ಹಕ್ಕು ನಿನಗಿದೆ, ಉತ್ತರ ಕೇಳದೆ ಬಾಗಿಲು ಮುಚ್ಚಿಸುವ ಅಧಿಕಾರ ಅವರಿಗಿಲ್ಲ. ಉತ್ತರದ ಕರಡು ಈ ಕಾಗದದೊಂದಿಗೆ ಇದೆ. ನೋಟಿಸಿನಲ್ಲಿ ಹೇಳಿದ ದಿನದೊಳಗೆ ಅದನ್ನು ಕೊಟ್ಟು, ತಲುಪಿದೆ ಎಂಬ ಮೊಹರು ಹಾಕಿಸಿಕೋ. ಕೊನೆಯ ಸಾಲಿನಲ್ಲಿ, ನಿನ್ನನ್ನು ಕರೆಸಿ ನಿನ್ನ ಮಾತನ್ನು ಎದುರಿಗೇ ಕೇಳಬೇಕು ಎಂದು ಬರೆದಿದ್ದೇನೆ. ಬಹಳ ಜನ ಇದನ್ನು ಕೇಳುವುದೇ ಇಲ್ಲ. ಆಮೇಲೆ ನಮ್ಮನ್ನು ಯಾರೂ ಕರೆಯಲಿಲ್ಲ ಎಂದು ಅಳುತ್ತ ನನ್ನ ಹತ್ತಿರ ಬರುತ್ತಾರೆ.

ಅಷ್ಟಾದ ಮೇಲೂ ಅಮಾನತು ಮಾಡಿದರೆ ಮೇಲಧಿಕಾರಿಗೆ ಮೇಲ್ಮನವಿ ಇದೆ. ಅದರ ಜೊತೆಗೇ, ತೀರ್ಮಾನವಾಗುವ ತನಕ ಆದೇಶವನ್ನು ತಡೆಹಿಡಿಯಿರಿ ಎಂದು ಕೇಳಬಹುದು. ಅದೂ ಆಗದಿದ್ದರೆ ಹೈಕೋರ್ಟು. ಆದರೆ ಕೆಳಗಿನ ಮೆಟ್ಟಿಲು ಹತ್ತದೆ ಅಲ್ಲಿಗೆ ಹಾರಿದವರನ್ನು ಅಲ್ಲಿ ಬೈದು ಕಳಿಸುತ್ತಾರೆ. ಒಂದೊಂದೇ ಹತ್ತೋಣ.

ಇನ್ನು ನಿನ್ನ ತಪ್ಪು. ತಪ್ಪೇ. ಚೀಟಿ ಇರಲಿಲ್ಲ ಎಂಬುದನ್ನು ಉತ್ತರದಲ್ಲಿ ಒಪ್ಪಿಕೊಂಡಿದ್ದೇನೆ. ಈಗ ಹೋಗಿ ಚೀಟಿ ಅಂಟಿಸಿ ಮೊದಲೇ ಇತ್ತು ಎನ್ನಬೇಡ. ನೀನು ಹಾಗೆ ಮಾಡುವವಳಲ್ಲ ಎಂದು ಗೊತ್ತು, ಆದರೂ ವಕೀಲ ಹೇಳಬೇಕು. ನಿಜವಾದ ಅಪಾಯ ಬೇರೆಡೆ ಇದೆ. ಆ ಮಾತ್ರೆಗಳು ನಿನ್ನ ಸರಕಲ್ಲ, ಅವಕ್ಕೆ ಖರೀದಿ ಬಿಲ್ಲಿಲ್ಲ ಎಂದು ನೀನು ಹೇಳಿದರೆ, ಹಾಗಾದರೆ ಬಿಲ್ಲಿಲ್ಲದ ಮಾಲನ್ನು ಎಲ್ಲಿಂದ ತಂದೆ ಎಂದು ತಿರುಗಿ ಕೇಳುತ್ತಾರೆ. ಅದು ಇದಕ್ಕಿಂತ ದೊಡ್ಡ ತಪ್ಪು. ಅತ್ತ ದರಿ, ಇತ್ತ ಪುಲಿ. ಸತ್ತವರ ಮನೆಯವರು ತಂದುಕೊಟ್ಟರು ಎನ್ನುವುದಕ್ಕೆ ಅವರೇ ಹೇಳಬೇಕು. ಅದಕ್ಕೆ ನೀನು ಇಷ್ಟು ಮಾಡು: ಟೈಲರ್, ಇನ್ನು ಒಬ್ಬಿಬ್ಬರು, ಅವರಿಂದ ಪ್ರಮಾಣ ಮಾಡಿದ ಹೇಳಿಕೆ ಬರೆಸಿ ಸಹಿ ಮಾಡಿಸು. ವಿಚಾರಣೆಗೆ ಅವರು ಬಂದರೆ ಇನ್ನೂ ಒಳ್ಳೆಯದು. ಹತ್ತು ನಿಮಿಷದ ಕೆಲಸ.

ಇಂತಿ,
ನಿನ್ನ ವಕೀಲ

ತಾ. ಕ.: ಆ ಕೆಳಗಿನ ಡ್ರಾಯರಿನ ಹಿಡಿ ಸಡಿಲವಾಗಿತ್ತು. ಸರಿಮಾಡಿಸಿದೆಯಾ?


ಮಂಗಳವಾರ, ಮುಚ್ಚಿದ ಅಂಗಡಿಯೊಳಗಿನಿಂದ

ವಕೀಲ ಮಹಾಶಯರಿಗೆ,

ಮೊದಲ ಮೆಟ್ಟಿಲು ಜಾರಿತು. ಉತ್ತರ ಕೊಟ್ಟೆ, ಮೊಹರು ಹಾಕಿಸಿಕೊಂಡೆ, ಎದುರಿಗೆ ಕರೆದು ಕೇಳಿದರು. ಹೇಳಿಕೆ ಬರೆದುಕೊಟ್ಟವರು ಯಾರಾದರೂ ಇದ್ದಾರೆಯೇ ಎಂದು ಅಧಿಕಾರಿ ಕೇಳಿದಾಗ ಇಲ್ಲ ಎಂದೆ. ಮೂರು ತಿಂಗಳ ಅಮಾನತು. ಆದೇಶವನ್ನು ಷಟರಿಗೆ ಅಂಟಿಸಿ ಹೋಗಿದ್ದಾರೆ. ಅಂಟು ಚೆನ್ನಾಗಿದೆ, ಅಂಚು ಸಹ ಏಳುತ್ತಿಲ್ಲ.

ಹೇಳಿಕೆ ಯಾಕೆ ತರಲಿಲ್ಲ ಎಂದು ನೀವು ಈಗಾಗಲೇ ಹಲ್ಲು ಕಡಿಯುತ್ತಿರುತ್ತೀರಿ. ಹೋಗಿದ್ದೆ. ಟೈಲರ್ ಅಂಗಡಿಯ ಹೊಸ್ತಿಲ ತನಕ ಹೋಗಿದ್ದೆ. ಅವರು ಹೆಂಡತಿಯ ಹೊಲಿಗೆ ಯಂತ್ರದ ಮೇಲೆ ಬಟ್ಟೆ ಹೊದಿಸಿ, ಪಕ್ಕದ ತಮ್ಮ ಯಂತ್ರದಲ್ಲಿ ಒಂದು ಶಾಲೆಯ ಅಂಗಿ ಹೊಲಿಯುತ್ತಿದ್ದರು. ನನ್ನನ್ನು ಕಂಡದ್ದೇ ತಡ, ಹೊದಿಸಿದ ಬಟ್ಟೆ ಸರಿಸಿ ಹೆಂಡತಿ ಕೂರುತ್ತಿದ್ದ ಪೀಠವನ್ನೇ ನನಗೆ ಕೂರಲು ಕೊಟ್ಟರು. ಅಲ್ಲಿ ಕೂತುಕೊಂಡು, ನಿಮ್ಮ ಹೆಂಡತಿ ಯಾವ ದಿನ ತೀರಿಕೊಂಡರು, ಎಷ್ಟು ಮಾತ್ರೆ ಉಳಿದವು, ಕಚೇರಿಗೆ ಬಂದು ಎಲ್ಲರ ಮುಂದೆ ಹೇಳಿ ಎಂದು ಕೇಳಬೇಕಿತ್ತೇ? ಅವರು ಖಂಡಿತ ಬರುತ್ತಿದ್ದರು. ಅದಕ್ಕೇ ಕೇಳಲಿಲ್ಲ. ಒಂದು ಗುಂಡಿ ಹಾಕಿಸಿಕೊಂಡು ಬಂದೆ. ನೀವು ಹತ್ತು ನಿಮಿಷದ ಕೆಲಸ ಎಂದು ಬರೆದದ್ದನ್ನು ಓದಿ ನನಗೆ ಸಿಟ್ಟು ಬಂತು, ಅದನ್ನೂ ಹೇಳಿಬಿಡುತ್ತೇನೆ.

ಆ ಡ್ರಾಯರಿನಲ್ಲಿ ಯಾರು ಯಾರದ್ದು ಇತ್ತು ಎಂದು ನಾನು ಬಾಯಿ ಬಿಡುವುದಿಲ್ಲ. ಕೊಟ್ಟವರು ತಾವಾಗಿ ಹೇಳಿದರೆ ಅದು ಬೇರೆ ಮಾತು.

ಅಂಗಡಿ ಮುಚ್ಚಿದ್ದರೂ ನಾನು ದಿನವೂ ಬರುತ್ತೇನೆ. ಪಕ್ಕದ ಸಣ್ಣ ಬಾಗಿಲಿನಿಂದ ಒಳಗೆ ಬಂದು ಫ್ರಿಜ್ಜು ನೋಡುತ್ತೇನೆ. ಲೈಸೆನ್ಸು ಅಮಾನತಾದರೂ ಇನ್ಸುಲಿನ್ನಿಗೆ ತಂಪು ಬೇಕಲ್ಲ. ದೀಪ ಹಾಕುವುದಿಲ್ಲ, ಬೆಳಕು ಕಂಡರೆ ಜನ ಬಂದು ಷಟರ್ ತಟ್ಟುತ್ತಾರೆ. ಆದರೂ ತಟ್ಟುತ್ತಾರೆ. ತಿಂಗಳ ಮಾತ್ರೆಗೆ ಬರುವ ಬಿ.ಪಿ. ಅಜ್ಜಿಗೆ ಬಸ್ ನಿಲ್ದಾಣದ ಆಚೆಯ ಅಂಗಡಿಗೆ ಹೋಗಲು ಹೇಳಿದೆ. ರಸ್ತೆ ದಾಟಲು ಭಯ ಎಂದಳು. ನಾನೇ ಕೈ ಹಿಡಿದು ಕರೆದುಕೊಂಡು ಹೋದೆ. ಆ ಅಂಗಡಿಯವನು ಚೀಟಿ ನೋಡಿ, ಮಾತ್ರೆ ಕೊಟ್ಟು, ಬೇರೆಯವರ ಕಡೆ ತಿರುಗಿದ. ತಪ್ಪೇನೂ ಮಾಡಲಿಲ್ಲ. ಆದರೆ ಬಿಳಿಯದು ಬೆಳಗ್ಗೆ, ಹಳದಿಯದು ಸಂಜೆ ಎಂದು ಅವಳಿಗೆ ಹೇಳಲಿಲ್ಲ. ಫುಟ್‌ಪಾತಿನ ಮೇಲೆ ನಿಂತು ನಾನು ಹೇಳಿದೆ.

ಮೂರು ತಿಂಗಳಾದ ಮೇಲೆ ಇವರೆಲ್ಲ ಆ ಅಂಗಡಿಗೇ ಒಗ್ಗಿಕೊಂಡಿರುತ್ತಾರೆ. ಅದು ಹೋಗಲಿ ಎನ್ನೋಣ. ಆದೇಶದಲ್ಲಿ ನನ್ನನ್ನು "ಅವಧಿ ಮುಗಿದ ಔಷಧಗಳನ್ನು ಮಾರಾಟಕ್ಕಾಗಿ ಇರಿಸಿಕೊಂಡವರು" ಎಂದು ಬರೆದಿದ್ದಾರೆ. ದಾರಿಹೋಕರು ನಿಂತು ಓದುತ್ತಾರೆ. ಒಳಗೆ ಕತ್ತಲಲ್ಲಿ ಕೂತ ನನಗೆ ಅವರು ಓದುವುದು ಕೇಳಿಸುತ್ತದೆ. ಮಾರಾಟಕ್ಕಾಗಿ ಎಂಬ ಆ ಒಂದು ಪದ ನನ್ನನ್ನು ತಿನ್ನುತ್ತಿದೆ. ಅಂಗಡಿ ಹೋದರೆ ಬೇರೆ ಕಡೆ ಕೆಲಸಕ್ಕೆ ನಿಲ್ಲಬಲ್ಲೆ, ಆ ಪದ ಹೊತ್ತುಕೊಂಡು ನಿಲ್ಲಲಾರೆ.

ಟೈಲರ್ ಬಂದು ಕೇಳಿದರು, "ನಮ್ಮವಳ ಮಾತ್ರೆಯಿಂದ ಏನಾದ್ರೂ ತೊಂದ್ರೆ ಆಯ್ತಾ ಅಮ್ಮ?" ಛೇ ಛೇ, ಅಂಗಡಿಗೆ ಬಣ್ಣ ಹೊಡೆಸುತ್ತಿದ್ದೇನೆ, ಅದಕ್ಕೇ ಮುಚ್ಚಿದ್ದು ಎಂದೆ. ಅವರು ಗೋಡೆಯನ್ನು ಒಮ್ಮೆ, ಷಟರಿನ ಕಾಗದವನ್ನು ಒಮ್ಮೆ ನೋಡಿ, ಯಾವ ಬಣ್ಣ ಎಂದು ಕೇಳಿದರು. ಹಾಲಿನ ಬಣ್ಣ ಎಂದು ಬಾಯಿಗೆ ಬಂದದ್ದು ಹೇಳಿದೆ.

ಮುಂದಿನ ಮೆಟ್ಟಿಲು ಇದೆಯೇ?

ಇಂತಿ,
ಸೋತ ಕಕ್ಷಿದಾರಳು

ತಾ. ಕ.: ಹಿಡಿ ಸರಿಮಾಡಿಸಿಲ್ಲ. ಅದು ಸಡಿಲ ಎಂದು ನಿಮಗೆ ಹೇಗೆ ಗೊತ್ತು? ನೀವು ಇಲ್ಲಿದ್ದಾಗ ಅದು ಗಟ್ಟಿಯಾಗಿತ್ತು.


ಶನಿವಾರ, ಮನೆಯಿಂದ

ಗುಳಿಗೆಗೆ,

ಮೇಲ್ಮನವಿ ಹಾಕಿ ಆಯಿತು. ತಡೆಯಾಜ್ಞೆ ಸಿಗಲಿಲ್ಲ. ಅವಧಿ ಮುಗಿದ ಔಷಧಿ ಎಂದರೆ ಜನರ ಪ್ರಾಣದ ವಿಷಯ, ತಡೆ ಕೊಡುವುದಿಲ್ಲ, ಬದಲಿಗೆ ಮುಖ್ಯ ವಿಚಾರಣೆಯನ್ನೇ ಬೇಗ ಇಟ್ಟುಕೊಳ್ಳುತ್ತೇವೆ ಎಂದರು. ಅವರ ಜಾಗದಲ್ಲಿ ನಾನಿದ್ದರೂ ಅಷ್ಟೇ ಹೇಳುತ್ತಿದ್ದೆ. ಬರುವ ಶುಕ್ರವಾರ ಬೆಳಗ್ಗೆ ವಿಚಾರಣೆ. ನೀನು ಬರಬೇಕು.

ಇನ್ನೊಂದು ವಿಷಯ. ನಿನ್ನ ಪರವಾಗಿ ನಾನು ವಾದಿಸುವುದಿಲ್ಲ. ವಕಾಲತ್ತನ್ನು ನನ್ನ ಜೂನಿಯರ್‌ಗೆ ಕೊಟ್ಟಿದ್ದೇನೆ. ನನಗಿಂತ ಮೆದುವಾಗಿ ಮಾತಾಡುತ್ತಾಳೆ, ನನಗಿಂತ ಬೇಗ ಮುಗಿಸುತ್ತಾಳೆ. ಕೈಬಿಟ್ಟೆನೆಂದು ಸಿಟ್ಟಾಗಬೇಡ, ಪೂರ್ತಿ ಓದು. ಒಂದು ಪ್ರಕರಣದಲ್ಲಿ ಸಾಕ್ಷಿಯಾದವನು ಅದೇ ಪ್ರಕರಣದಲ್ಲಿ ವಕೀಲನಾಗಿ ನಿಲ್ಲುವಂತಿಲ್ಲ. ನಾನು ಸಾಕ್ಷಿ.

ಹಿಡಿಯ ವಿಷಯ ಕೇಳಿದ್ದೀಯ. ಅಮ್ಮ ಹೋದ ಮೇಲೆ ಅವಳ ಮಾತ್ರೆಗಳ ಚೀಲ ಹಿಡಿದು ಬಂದಿದ್ದೆನಲ್ಲ, ಆ ದಿನ ನೋಡಿದ್ದು. ನೀನು ಡ್ರಾಯರ್ ಎಳೆದಾಗ ಹಿಡಿ ಕೈಯಲ್ಲೇ ತಿರುಗಿತು. ನಮ್ಮಿಬ್ಬರ ನಡುವೆ ಆ ದಿನದ ಮಾತು ಇದುವರೆಗೆ ಬಂದೇ ಇಲ್ಲ. ನಿನ್ನ ಮೊದಲ ಕಾಗದದಲ್ಲಿ ಟೈಲರ್ ಕಥೆ ಬರೆದೆ, ನನ್ನದನ್ನು ಬಿಟ್ಟೆ. ನಾನೂ ಉತ್ತರದಲ್ಲಿ ಬಿಟ್ಟೆ. ಬೇರೆಯವರನ್ನು ಸಾಕ್ಷಿಗೆ ಕರೆತಾ ಎಂದು ಸಲೀಸಾಗಿ ಬರೆದವನು ನನ್ನನ್ನು ನಾನು ಕರೆದುಕೊಳ್ಳಲಿಲ್ಲ.

ನಾವು ಈ ಊರಿಗೆ ಬಂದು ನೀನು ಅಲ್ಲೇ ಉಳಿದುಕೊಂಡ ಮೇಲೂ ಅಮ್ಮನ ಮಾತ್ರೆಗಳು ತಿಂಗಳು ತಿಂಗಳು ನಿನ್ನ ಅಂಗಡಿಯಿಂದಲೇ ಪಾರ್ಸಲ್ ಬರುತ್ತಿದ್ದವು. ಪ್ರತಿ ಪಟ್ಟಿಯ ಬೆನ್ನಿಗೆ ನಿನ್ನ ಅಕ್ಷರ: ಬೆಳಗ್ಗೆ, ಊಟವಾದ ಮೇಲೆ, ಮಲಗುವಾಗ. ನಾನು ಬೇರೆ ಅಂಗಡಿಯಿಂದ ತಂದರೆ ಅಮ್ಮ ನುಂಗುತ್ತಿರಲಿಲ್ಲ. ಅಕ್ಷರವಿಲ್ಲದ ಮಾತ್ರೆ ಕೆಲಸ ಮಾಡುವುದಿಲ್ಲ ಎಂದು ಅವಳ ವಾದ. ಆ ಒಂದು ವಾದದಲ್ಲಿ ನಾನು ಸೋತೆ ಎಂದು ನಿನಗೆ ಹೇಳಿರಲಿಲ್ಲ.

ಕಾನೂನಿನ ದೃಷ್ಟಿಯಿಂದ ಇದು ಬಲವಾದ ಸಾಕ್ಷ್ಯ. ಅಮ್ಮನ ಹೆಸರಿಗೆ ನೀನು ಮಾಡಿದ ಬಿಲ್ಲುಗಳನ್ನು ನಾನು ಇಟ್ಟುಕೊಂಡಿದ್ದೇನೆ. ಅದರಲ್ಲಿರುವ ಬ್ಯಾಚ್ ನಂಬರೂ, ಇನ್ಸ್‌ಪೆಕ್ಟರ್ ಡ್ರಾಯರಿನಿಂದ ಜಪ್ತಿ ಮಾಡಿ ನೋಟಿಸಿನಲ್ಲಿ ನಮೂದಿಸಿದ ಮಾತ್ರೆಪಟ್ಟಿಯ ನಂಬರೂ ಒಂದೇ. ಬಿಲ್ಲಾಗಿ ಹೊರಗೆ ಹೋದ ಮಾಲು ಮತ್ತೆ ಒಳಗೆ ಬಂದಿದೆ ಎಂದರೆ ಯಾರೋ ತಂದುಕೊಟ್ಟಿರಬೇಕು. ಒಬ್ಬರು ತಂದುಕೊಟ್ಟದ್ದು ಸಾಬೀತಾದರೆ ಉಳಿದದ್ದನ್ನೂ ನಂಬಬಹುದು. ಟೈಲರ್ ಬರಬೇಕಾಗಿಲ್ಲ. ಯಾರೂ ಬರಬೇಕಾಗಿಲ್ಲ.

ಆ ದಿನ ನನಗೆ ನಿನ್ನ ಮೇಲೆ ಬೇಸರವಾಗಿತ್ತು. ಬಸ್ಸಿನಲ್ಲಿ ಬರುವಾಗ ಏನೇನೋ ಮಾತು ಜೋಡಿಸಿಕೊಂಡು ಬಂದಿದ್ದೆ. ನೀನು ಚೀಲ ತೆಗೆದುಕೊಂಡೆ, ಒಂದು ಲೋಟ ನೀರು ಕೊಟ್ಟೆ, "ಇಟ್ಟು ಹೋಗಿ, ನಾನು ನೋಡ್ಕೋತೀನಿ" ಅಂದೆ. ಗಿರಾಕಿಗೆ ಹೇಳಿದ ಹಾಗೆ ಹೇಳಿದಳಲ್ಲ ಎಂದುಕೊಂಡು ತಿರುಗಿ ಹೋದೆ. ಆಮೇಲೆ ಸ್ವಲ್ಪ ದಿನಕ್ಕೆ ಆ ಅರ್ಜಿ ಬರೆಸಿ ಕಳಿಸಿದೆ. ಈಗ ನಿನ್ನ ಕಾಗದ ಓದಿದ ಮೇಲೆ ಗೊತ್ತಾಯಿತು, ಆ ಮಾತನ್ನು ನೀನು ಹೇಳುವುದು ಗಿರಾಕಿಗಳಿಗಲ್ಲ, ಸಾವಾದ ಮನೆಯಿಂದ ಬಂದವರಿಗೆ.

ಶುಕ್ರವಾರ ಬೇಗ ಬಾ. ಆ ಕಟ್ಟಡದ ಲಿಫ್ಟು ಕೆಟ್ಟಿದೆ, ನಿಜವಾಗಿಯೂ ಮೆಟ್ಟಿಲು ಹತ್ತಬೇಕು.

ಇಂತಿ,
ಸಾಕ್ಷಿ


ಬುಧವಾರ, ತೆರೆದ ಅಂಗಡಿಯಿಂದ

ಸಾಕ್ಷಿಯವರಿಗೆ,

ಆದೇಶ ಕೈಗೆ ಬಂತು. ನಿಮ್ಮ ಜೂನಿಯರ್ ಫೋನ್ ಮಾಡಿ ಮೊದಲೇ ಹೇಳಿದ್ದಳು, ಆದರೂ ಕಣ್ಣಾರೆ ಓದಬೇಕಿತ್ತು. ಅಮಾನತು ರದ್ದು. "ಮಾರಾಟಕ್ಕಾಗಿ ಇರಿಸಿಕೊಂಡಿದ್ದರು ಎಂಬುದು ಸಾಬೀತಾಗಿಲ್ಲ" ಎಂದು ಬರೆದಿದ್ದಾರೆ. ಆ ಸಾಲನ್ನು ಎಷ್ಟು ಸಲ ಓದಿದೆನೋ. ಬೇರೆ ಇಡದೆ, ಚೀಟಿ ಅಂಟಿಸದೆ ಇದ್ದದ್ದಕ್ಕೆ ಎಚ್ಚರಿಕೆ ಕೊಟ್ಟಿದ್ದಾರೆ. ಇನ್ನು ಮುಂದೆ ಜನ ಹಿಂತಿರುಗಿಸಿದ್ದನ್ನು ಬೀಗದ ಪೆಟ್ಟಿಗೆಯಲ್ಲಿಟ್ಟು, ಮೇಲೆ ಸ್ಪಷ್ಟವಾಗಿ ಬರೆದು, ತಿಂಗಳ ಕೊನೆಗೆ ನಾಶಪಡಿಸುವ ಸಂಸ್ಥೆಯವರಿಗೆ ಕೊಡಬೇಕು. ನ್ಯಾಯವಾದ ಮಾತು. ಎಚ್ಚರಿಕೆಯನ್ನು ಪ್ರಸಾದದ ಹಾಗೆ ಕಣ್ಣಿಗೊತ್ತಿಕೊಂಡೆ.

ಶುಕ್ರವಾರ ನಡೆದದ್ದು ನಿಮಗೆ ಗೊತ್ತು. ಆದರೆ ನೀವು ಮುಂದಿನ ಕುರ್ಚಿಯಲ್ಲಿದ್ದಿರಿ. ಹಿಂದಿನ ಬೆಂಚಿನಿಂದ ಅದು ಹೇಗೆ ಕಂಡಿತು ಎಂದು ನಿಮಗೆ ಗೊತ್ತಿಲ್ಲ, ಅದನ್ನು ಹೇಳಲೇಬೇಕು.

ನಿಮ್ಮ ಅಂಗಿಯ ಕಾಲರ್ ಒಂದು ಕಡೆ ಮಡಿಸಿಕೊಂಡಿತ್ತು. ಕಪ್ಪು ಕೋಟಿಲ್ಲದೆ ನಿಮ್ಮನ್ನು ಅಂಥ ಕೋಣೆಯಲ್ಲಿ ನಾನು ನೋಡಿದ್ದೇ ಇಲ್ಲ. ಕೈಗಳನ್ನು ಎಲ್ಲಿಡಬೇಕೆಂದು ತಿಳಿಯದೆ ಒಮ್ಮೆ ಮೇಜಿನ ಮೇಲೆ, ಒಮ್ಮೆ ತೊಡೆಯ ಮೇಲೆ ಇಡುತ್ತಿದ್ದಿರಿ. ಮೇಲಧಿಕಾರಿ ಕನ್ನಡಕ ಏರಿಸಿಕೊಂಡು, ಗಂಡನ ಸಾಕ್ಷಿಯನ್ನು ಹೇಗೆ ನಂಬುವುದು ಎಂದರು. ನಿಮ್ಮ ಜೂನಿಯರ್ ಎದ್ದು, ಇವರಿಬ್ಬರೂ ಬೇರೆ ಬೇರೆ ಊರಿನಲ್ಲಿದ್ದಾರೆ, ವಿಚ್ಛೇದನದ ಅರ್ಜಿಯೂ ಸಿದ್ಧವಾಗಿದೆ, ಹೆಂಡತಿಗಾಗಿ ಸುಳ್ಳು ಹೇಳುವ ಕಾರಣ ಇವರಿಗಿಲ್ಲ ಎಂದಳು. ನಿಜವೇ ಎಂದು ನಿಮ್ಮನ್ನು ಕೇಳಿದರು. ನೀವು ನಿಜ ಎಂದಿರಿ. ವಿಚಿತ್ರ ನೋಡಿ, ನಾವು ಬೇರೆಯಾಗಿದ್ದೇವೆ ಎನ್ನುವುದೇ ನನ್ನನ್ನು ಉಳಿಸುವ ಮಾತಾಗಿತ್ತು, ಅದನ್ನು ಕೇಳಿ ನನಗೆ ಎದ್ದು ಹೊರಗೆ ಹೋಗಬೇಕೆನಿಸಿತು.

ಆಮೇಲೆ ಅವರು ಕೇಳಿದರು, ನಿಮ್ಮ ಊರಿನಲ್ಲಿ ಬೇಕಾದಷ್ಟು ಔಷಧಿ ಅಂಗಡಿಗಳಿವೆ, ಬಸ್ಸು ಹತ್ತಿ ಅಷ್ಟು ದೂರ ಇವರ ಅಂಗಡಿಗೇ ಯಾಕೆ ತಂದಿರಿ ಎಂದು. ನಿಮ್ಮ ಹತ್ತಿರ ಉತ್ತರ ಸಿದ್ಧವಿತ್ತು, ನನಗೆ ಗೊತ್ತು. ಅಲ್ಲಿಂದಲೇ ಕೊಂಡದ್ದು, ಬಿಲ್ಲಿದೆ, ಅದಕ್ಕೇ ಅಲ್ಲಿಗೆ ತಂದೆ. ಗಟ್ಟಿಯಾದ ಉತ್ತರ, ಯಾರೂ ಮುರಿಯುವ ಹಾಗಿರಲಿಲ್ಲ. ನಿಮ್ಮ ಜೂನಿಯರ್ ಬಿಲ್ಲನ್ನು ಕೈಯಲ್ಲಿ ಹಿಡಿದು ಕಾಯುತ್ತಿದ್ದಳು. ನೀವು ಅದನ್ನು ನೋಡಲೇ ಇಲ್ಲ. ಸಿದ್ಧವಿದ್ದ ವಾದವನ್ನು ನೀವು ಬಿಟ್ಟುಕೊಟ್ಟದ್ದನ್ನು ನಾನು ಕಂಡದ್ದು ಅದೇ ಮೊದಲು. ಆಮೇಲೆ ಬಹಳ ಸಣ್ಣ ದನಿಯಲ್ಲಿ ಹೇಳಿದಿರಿ:

"ಬೇರೆ ಯಾರ ಕೈಗೂ ಕೊಡೋಕೆ ಮನಸ್ಸು ಬರ್ಲಿಲ್ಲ ಸಾರ್."

ಅಷ್ಟೇ. ವಾದವಿಲ್ಲ, ಸಾಕ್ಷ್ಯವಿಲ್ಲ. ಅಧಿಕಾರಿ ಪೆನ್ನು ಕೆಳಗಿಟ್ಟರು. ಅವರಿಗೂ ಮನೆಯಲ್ಲಿ ಯಾವುದೋ ಚೀಲ ಇದ್ದಿರಬೇಕು. ಬಿಲ್ಲನ್ನು ಆಮೇಲೆ ನೋಡಿದರು, ಬ್ಯಾಚ್ ನಂಬರನ್ನು ತಾಳೆ ಹಾಕಿದರು, ನೋಡಲೇಬೇಕಿತ್ತು, ನೋಡಿದರು. ಇನ್ಸ್‌ಪೆಕ್ಟರ್ ಅತ್ತೆಯವರ ಮಾತ್ರೆಪಟ್ಟಿಯನ್ನು ಮೊಹರು ಮಾಡಿದ ಕವರಿನಿಂದ ತೆಗೆದು ಮೇಜಿನ ಮೇಲಿಟ್ಟಾಗ ಅದರ ಬೆನ್ನಿನ ಮೇಲೆ ನನ್ನ ಅಕ್ಷರ ಕಂಡಿತು. ಮಲಗುವಾಗ. ನನಗೆ ಅಳು ಬಂತು, ಹಿಂದಿನ ಬೆಂಚಿನಲ್ಲಿದ್ದುದರಿಂದ ಯಾರಿಗೂ ಕಾಣಲಿಲ್ಲ.

ಮದುವೆಯಾದಾಗಿನಿಂದ ನೀವು ಗೆದ್ದ ವಾದಗಳನ್ನೆಲ್ಲ ತಕ್ಕಡಿಯ ಒಂದು ತಟ್ಟೆಗೆ ಹಾಕಿ, ಈ ಒಂದು ಮಾತನ್ನು ಇನ್ನೊಂದಕ್ಕೆ ಹಾಕಿದರೆ ಯಾವುದು ಕೆಳಗೆ ಬರುತ್ತದೆ ಎಂದು ನಾನು ಬರೆಯಬೇಕಾಗಿಲ್ಲ. ನಿಮ್ಮ ಮಾತಿಗೆ ನಾನೂ ಒಂದು ಮಾತು ಸೇರಿಸುತ್ತೇನೆ. ಆ ದಿನ ನೀವು ಚೀಲ ಇಟ್ಟು ಹೋದಾಗ ಇನ್ನೊಂದು ಮಾತು ಆಡಬೇಕೆಂದು ನನಗೂ ಇತ್ತು. ಕೂತ್ಕೊಳ್ಳಿ ಎನ್ನಬೇಕಿತ್ತು. ಬಾಯಿಗೆ ಬರಲಿಲ್ಲ. ಲೋಟ ತೊಳೆಯುತ್ತ ನಿಂತುಬಿಟ್ಟೆ.

ಷಟರಿನ ಕಾಗದವನ್ನು ಬಿಸಿನೀರು ಹಾಕಿ ಕೆರೆದೆ. ಅಂಗಡಿಗೆ ಹಾಲಿನ ಬಣ್ಣ ಹೊಡೆಸುತ್ತಿದ್ದೇನೆ, ಟೈಲರ್‌ಗೆ ಹೇಳಿದ ಸುಳ್ಳು ಸುಳ್ಳಾಗಿ ಉಳಿಯಬಾರದಲ್ಲ. ಬಿ.ಪಿ. ಅಜ್ಜಿ ಬಂದು, ಆ ಅಂಗಡಿಯ ಮಾತ್ರೆಯಿಂದ ಬಾಯಿ ಕಹಿಯಾಯಿತು ಎಂದು ದೂರಿದಳು. ಅದೇ ಕಂಪನಿಯ ಅದೇ ಮಾತ್ರೆ. ನಾನು ತಲೆಯಾಡಿಸಿದೆ.

ಹೊಸ ಪೆಟ್ಟಿಗೆ ಬಂದಿದೆ. ಬೀಗ ಇದೆ, ಮೇಲೆ ಸಣ್ಣ ಬಾಯಿ ಇದೆ. ಚೀಟಿಯಲ್ಲಿ ಏನು ಬರೆಯಬೇಕು ಎಂದು ಒಂದು ಇಡೀ ಬೆಳಗ್ಗೆ ಯೋಚಿಸಿದೆ. ನಿಯಮದ ಪ್ರಕಾರ ಬರೆಯಲೇಬೇಕಾದ ಮಾತನ್ನು ದೊಡ್ಡ ಅಕ್ಷರದಲ್ಲಿ ಬರೆದೆ: ಮಾರಾಟಕ್ಕಲ್ಲ. ನಾಶದ ವಿಷಯ ಕೆಳಗಿನ ಸಾಲಿನಲ್ಲಿದೆ, ಇನ್ಸ್‌ಪೆಕ್ಟರ್ ಬಗ್ಗಿ ಓದಿ ಸರಿ ಎಂದು ಒಪ್ಪಿದರು. ಸಂಜೆ ಟೈಲರ್ ಬಂದು ಪೆಟ್ಟಿಗೆಯ ಮುಂದೆ ಸ್ವಲ್ಪ ಹೊತ್ತು ನಿಂತರು. ದೊಡ್ಡ ಅಕ್ಷರ ಓದಿದರು, ಸಣ್ಣದನ್ನೂ ಓದಿದರು. "ಮಾರಾಟಕ್ಕಲ್ಲ" ಎಂದು ಇನ್ನೊಮ್ಮೆ ಓದಿ, "ಸರಿಯಾಗಿ ಬರ್ದಿದೀರಿ ಅಮ್ಮ" ಎಂದರು. ಇಷ್ಟು ದಿನ ನಾನು ಯಾರನ್ನು ಕಾಪಾಡುತ್ತಿದ್ದೇನೆ ಎಂದುಕೊಂಡಿದ್ದೆನೋ, ಅವರು ನನಗಿಂತ ಗಟ್ಟಿಯಾಗಿದ್ದರು. ಗೋಡೆಯ ಬಣ್ಣ ಮುಟ್ಟಿ ನೋಡಿ, ಇನ್ನೂ ಹಸಿ ಇದೆ ಎಂದು ಬೆರಳು ಒರೆಸಿಕೊಂಡು ಹೋದರು.

ಹಳೆಯ ಡ್ರಾಯರ್ ಈಗ ಖಾಲಿ. ಅದರ ಹಿಡಿ ಇನ್ನೂ ತಿರುಗುತ್ತದೆ. ಬಡಗಿಯನ್ನು ಕರೆಸಿಲ್ಲ.

ಇಂತಿ,
ಗುಳಿಗೆ

ತಾ. ಕ.: ನಿಮ್ಮ ಆ ಇನ್ನೊಂದು ಅರ್ಜಿ ಈಗ ಎಲ್ಲಿದೆ ಎಂದು ಕೇಳುತ್ತೀರಿ. ಸಹಿ ಮಾಡದೆ, ನಾಲ್ಕಾಗಿ ಮಡಿಸಿ, ಹೊಸ ಪೆಟ್ಟಿಗೆಯ ಬಾಯಿಯಿಂದ ಒಳಗೆ ಹಾಕಿದ್ದೇನೆ. ಔಷಧಿಯಲ್ಲದ್ದನ್ನು ಅದರಲ್ಲಿ ಹಾಕಬಾರದು ಎಂಬ ನಿಯಮವಿದ್ದರೆ ಇನ್ನೊಂದು ನೋಟಿಸ್ ಬರಲಿ, ಉತ್ತರ ಕೊಡುವುದು ಹೇಗೆಂದು ಈಗ ಗೊತ್ತಿದೆ. ತಿಂಗಳ ಕೊನೆಗೆ ಅವರು ಪೆಟ್ಟಿಗೆ ಒಯ್ಯುತ್ತಾರೆ. ಅಷ್ಟರೊಳಗೆ ತಡೆಯಾಜ್ಞೆ ಬೇಕಿದ್ದರೆ ನೀವೇ ಖುದ್ದಾಗಿ ಬರಬೇಕು, ಕಾಗದದಲ್ಲಿ ಆಗುವುದಿಲ್ಲ. ಬೇಡವಾಗಿದ್ದರೂ ಬನ್ನಿ. ಬರುವಾಗ ಒಂದು ಸ್ಕ್ರೂಡ್ರೈವರ್ ತನ್ನಿ. ಈ ಸಲ ಕೂತ್ಕೊಳ್ಳಿ ಎನ್ನುತ್ತೇನೆ.